ಹಿಂದಕ್ಕೆ ಸರಿಸಿದ ಹಲ್ಲು

"ಒಲೆ ಹೊಗೆಗೆ ಕಣ್ಣು ಕೆಂಪಾಯ್ತೋ, ನನ್ನ ದಾರಿ ಕಾದು ಕೆಂಪಾಯ್ತೋ?"

ಕಾಲೇಜಿನ ಬಡಗಿ ಅಪೆನಿಸಾ ಹಾಸ್ಟೆಲ್ ಅಡುಗೆಮನೆಯ ಬಾಗಿಲಿಗೆ ಒರಗಿ ನಿಂತಿದ್ದ. ಅಡುಗೆಯ ಹಿರಿಯಳು ವಸೇವಾ ತಿರುಗಿ ನೋಡಲಿಲ್ಲ. ಆದರೆ ಕಾಯಿಹಾಲು ಹಿಂಡುತ್ತಿದ್ದ ಕೈ ಒಂದು ಗಳಿಗೆ ನಿಂತಿತು.

"ಬಾಗಿಲು ಬಿಡು ಮಾರಾಯ. ಗಾಳಿ ಬರಲಿ."

"ನಾನೇ ಗಾಳಿ ಅಂದ್ಕೋ."

"ಗಾಳಿ ಬಂದು ಮೀನು ಕೇಳಲ್ಲಪ್ಪ," ಎಂದಳು ಪಾತ್ರೆ ತೊಳೆಯುತ್ತಿದ್ದ ದಯಾವತಿ.

ಆ ದಿನವೇ ಅವನು ಚಾಪೆಯ ಸುರುಳಿಯಿಂದ ತಿಮಿಂಗಿಲದ ಹಲ್ಲನ್ನು ತೆಗೆದು ತೋರಿಸಿದ್ದ. ಜೇನಿನ ಬಣ್ಣದ್ದು. ಅದರ ಹಗ್ಗ ಅವನ ತಾಯಿ ಸಾಯುವ ಮುಂಚೆ ಹೆಣೆದದ್ದು. ಅಂಥ ಹಲ್ಲಿಲ್ಲದೆ ಫಿಜಿಯಲ್ಲಿ ಯಾರೂ ಹೆಣ್ಣು ಕೇಳಲು ಹೋಗುವುದಿಲ್ಲ.

"ಕ್ರಿಸ್ಮಸ್ಸಿಗೆ ನಿಮ್ಮಪ್ಪನ ಮುಂದೆ ಇಡ್ತೀನಿ."

ವಸೇವಾ ಬೆರಳ ತುದಿ ತಾಗಿಸಿ, ಬಿಸಿಪಾತ್ರೆ ಮುಟ್ಟಿದವಳಂತೆ ಕೈ ಎಳೆದುಕೊಂಡಿದ್ದಳು.

ಕ್ರಿಸ್ಮಸ್ಸಿಗೆ ಮುಂಚೆ ಕಾಲೇಜೇ ಉಳಿಯಲಿಲ್ಲ. ರೇವಾ ಹೊಳೆ ಕಡಲು ಸೇರಿದಂತೆ ಅದು ಹೊಸ ವಿಶ್ವವಿದ್ಯಾಲಯದೊಳಗೆ ಸೇರಿಹೋಯಿತು. ಪಾಠ ಹೇಳುವವರು ತಮ್ಮ ಸೇವೆಯ ವರ್ಷಗಳ ಸಮೇತ ಆಚೆ ದಡ ಮುಟ್ಟಿದರು. ಅಡುಗೆಯವರು, ತೋಟದವರು, ಗುಡಿಸುವವರು ಮಾತ್ರ ಇವತ್ತು ಸೇರಿದವರಂತೆ ಹೊಸದಾಗಿ ಸೇರಬೇಕಂತೆ. ತಲೆ ನರೆಯುವ ತನಕ ದುಡಿದದ್ದಕ್ಕೆ ಲೆಕ್ಕವಿಲ್ಲ. ಎಲ್ಲರ ಪರವಾಗಿ ವಸೇವಾ ತನ್ನ ಹೆಸರಿನಲ್ಲಿ ನ್ಯಾಯಮಂಡಳಿಗೆ ಹೋಗಿದ್ದಳು. ವಿಚಾರಣೆ ಸೋಮವಾರ.

ಶುಕ್ರವಾರ ವಿಶ್ವವಿದ್ಯಾಲಯದವರು ಕ್ಷಮೆ ಕೇಳಲು ಬಂದರು.

ಊಟದ ಕೋಣೆಯಲ್ಲಿ ಚಾಪೆ ಹಾಸಿತ್ತು. ಕ್ಷಮೆಯ ಜೊತೆ ಬಂದ ಹಲ್ಲನ್ನು ಕೈಗೆ ತಗೊಂಡರೆ ಜಗಳ ಮಣ್ಣಿಗೆ ಹೋದಂತೆ. ಮತ್ತೆ ಯಾರೂ ಅದನ್ನು ಅಗೆಯುವಂತಿಲ್ಲ, ನ್ಯಾಯಮಂಡಳಿಯಲ್ಲೂ. ಅದನ್ನು ಒಪ್ಪಿಸಿ ಮಾತಾಡಬೇಕಾದವನು ವಾರ್ತಾಹಾರಿಗಳ, ಅಂದರೆ ದೊಡ್ಡವರ ಮಾತು ಒಯ್ಯುವವರ, ಕುಲದವನು. ಅಪೆನಿಸಾ ಆ ಕುಲದವನು.

ಅವನು ಮೊಣಕಾಲೂರಿ ಬಂದ. ಎರಡೂ ಕೈಯಲ್ಲಿ ಜೇನಿನ ಬಣ್ಣದ ಹಲ್ಲು. ತಾಯಿಯ ಹಗ್ಗ.

"ನಿಮ್ಮ ನೋವಿನ ಮುಂದೆ ಇದು ಒಣಗಿದ ಎಲೆ. ಆದರೂ ಕೈ ಚಾಚಿ, ಮನಸ್ಸು ತಣಿಯಲಿ..." ಹಳೆಯ ಮಾತುಗಳು ಸಾಲುಸಾಲಾಗಿ ಇಳಿದವು. ಕೊನೆಯ ಸಾಲು ಮುಗಿಸಿ ಅವನು ಹಲ್ಲನ್ನು ವಸೇವಾಳ ಮುಂದೆ ಚಾಪೆಯ ಮೇಲಿಟ್ಟ.

"ಇದು ಯಾರದ್ದು?" ವಸೇವಾ ಪಿಸುಗುಟ್ಟಿದಳು.

"ನಮ್ದೇ."

ಆ ಮಾತು ಅವಳ ಎದೆಗೆ ನಾಟಿತು.

"ಅವರ ಹತ್ರ ಹಲ್ಲು ಇರ್ಲಿಲ್ಲ, ವಸೇ. ನೀನು ತಗೊಂಡ್ರೆ ಎಲ್ಲರ ವರ್ಷಾನೂ ವಾಪಸ್ ಕೊಡ್ತಾರಂತೆ."

"ಬರ್ದು ಕೊಟ್ರಾ?"

"ಹಲ್ಲಿಟ್ಟ ಮೇಲೆ ಬರಹ ಕೇಳೋದು ಅವಮಾನ ಅಂದ್ರು."

ಅವಳ ಬೆನ್ನಿಗೆ ತೋಟದ ಮುದುಕನ ಕೆಮ್ಮು ಕೇಳಿತು. ದಯಾವತಿ ಇವತ್ತು ತಮಾಷೆ ಮಾಡಲಿಲ್ಲ.

ಒಬ್ಬ ಹೆಣ್ಣುಮಗಳು ಬೇಡವೆಂದು ಹಿಂದಕ್ಕೆ ಸರಿಸಿದ ಹಲ್ಲು ಅವಳ ತಂದೆಯ ಹೊಸ್ತಿಲಿಗೆ ಮತ್ತೆ ಹೋಗುವ ಹಾಗಿಲ್ಲ. ಅದು ವಸೇವಾಗೂ ಗೊತ್ತಿತ್ತು, ಅವನಿಗೂ ಗೊತ್ತಿತ್ತು. ಅವಳು ಎರಡೂ ಅಂಗೈ ಇಟ್ಟು, ಮಲಗಿದ ಮಗುವನ್ನು ಸರಿಸುವಷ್ಟು ಮೆತ್ತಗೆ, ಅದನ್ನು ಹಿಂದಕ್ಕೆ ಸರಿಸಿದಳು.

ಹಿಂದೆ ಯಾರೋ ಬಿಕ್ಕಿದರು. ವಿಶ್ವವಿದ್ಯಾಲಯದ ಅಧಿಕಾರಿ ಎದ್ದು ನಿಂತರು.

"ನಡಿ ಅಪೆನಿಸಾ. ನಿನಗೂ ಹೊಸ ಕೆಲಸ ಬೇಕು ತಾನೇ?"

ಅಪೆನಿಸಾ ಏಳಲಿಲ್ಲ. ಮೊಣಕಾಲ ಮೇಲೇ ತೆವಳಿ ಅವಳ ಮಗ್ಗುಲಿಗೆ ಬಂದ.

"ಸರ್ಕೋ."

"ಜಾಗ ಇಲ್ಲ," ಎಂದಳು. ಎಂದು ಸರಿದಳು.

"ನನಗೆ ಬುದ್ಧಿ ಇಲ್ಲ, ವಸೇ."

"ಅದು ಹಳೇ ಸಮಾಚಾರ." ಅವಳು ಕಣ್ಣೊರೆಸಿಕೊಂಡಳು. "ಸೋಮವಾರ ಬಂದು, ಇವರು ಕೊಟ್ಟ ಮಾತು ಏನು ಅಂತ ಹೇಳ್ತೀಯಾ? ಕೆಲಸ ಹೋಗುತ್ತೆ."

"ಹೇಳ್ತೀನಿ. ಆಮೇಲೆ ನಿಮ್ಮಪ್ಪನ ಮುಂದೆ ಏನಿಡ್ಲಿ?"

"ಏನೂ ಇಲ್ಲ. ಅವರು ಬಾಗಿಲು ತೆಗೆಯಲ್ಲ."

"ಮೆಟ್ಟಿಲ ಮೇಲೆ ಕೂತಿರ್ತೀನಿ."

"ಎಷ್ಟು ದಿನ?"

ಬಂದವರು ಹೋದರು. ಹಲ್ಲು ಮಾತ್ರ ಚಾಪೆಯ ನಡುವೆ, ಯಾರ ಕೈಗೂ ಸಲ್ಲದೆ ಉಳಿಯಿತು. ಅದರತ್ತ ನೋಡಲಾಗದೆ ವಸೇವಾ ತಲೆ ತಗ್ಗಿಸಿದಳು. ಕಾಯಿಹಾಲಿನ ವಾಸನೆಯ ಅವಳ ಕೈ, ಚಾಪೆಯ ಅಂಚಿನಲ್ಲಿ, ಅವನ ಕೈಯನ್ನು ಹುಡುಕಿ ಹಿಡಿದುಕೊಂಡಿತು.