ಗಾಜಿನೊಳಗಿನ ಗಂಟೆ

“ಸೀಟಿನ ಮ್ಯಾಲ ಕರವಸ್ತ್ರ ಕಾಣಲಿಲ್ಲೇನ್ ನಿಂಗ?”

ಖಾನಾಪುರದ ಬಸ್ಸಿನಲ್ಲಿ ಹಿಂದೆ ಕೂತಿದ್ದ ಅಜ್ಜಿ ಗದರಿದಾಗಲೇ ದಾನೇಶ್ವರಿಗೆ ಗೊತ್ತಾದದ್ದು, ತಾನು ಬೇರೆಯವರು ಹಿಡಿದಿಟ್ಟ ಸೀಟಿನಲ್ಲಿ ಕೂತಿದ್ದೇನೆಂದು! ಗಡಬಡಿಸಿ ಏಳಹೋದಳು. ಕರವಸ್ತ್ರದ ಒಡೆಯ ಮಾತ್ರ ಕೂತಿರಿ ಎಂದು ಕೈಸನ್ನೆ ಮಾಡಿ, ನಿಂತೇ ಬಂದ. ಅವನ ಕಣ್ಣು ಅವಳ ಮುಖದ ಮೇಲೆ ತುಸು ಹೆಚ್ಚೇ ನಿಂತಿತ್ತು...

ಖಾನಾಪುರದ ಕಾಲೇಜಿಗೆ ಹೋದರೆ ಅವನೇ ಭೌತಶಾಸ್ತ್ರದ ಉಪನ್ಯಾಸಕ ಗೌರೀಶ! ಇವಳು ಅದೇ ವಿಭಾಗದ ಹೊಸ ಉಪನ್ಯಾಸಕಿ.

ಮರುದಿನದಿಂದ ಬೆಳಗಾವಿ ಬಸ್ ನಿಲ್ದಾಣದಲ್ಲಿ ಕಿಟಕಿ ಪಕ್ಕದ ಸೀಟಿನ ಮೇಲೆ ಅವನ ಕರವಸ್ತ್ರ ಅವಳಿಗಾಗಿ ಕಾಯುತ್ತಿತ್ತು. ಮಾತು ಮಾತ್ರ ಇಲ್ಲ. ಬಾಯಿಬಿಟ್ಟರೆ ಮುತ್ತು ಉದುರೀತೆಂಬ ಹೆದರಿಕೆಯೇನೋ! ವಡಗಾವಿಯ ಅವನ ಮನೆ ತುಂಬ ಮಗ್ಗಗಳು. ಆ ಸದ್ದಿನಲ್ಲಿ ಬೆಳೆದವರು ಊಟಕ್ಕೆ ಕರೆಯುವುದೂ ಕೈಯಲ್ಲೇ, ಜಗಳವಾಡುವುದೂ ಕಣ್ಣಲ್ಲೇ.

ಖಾಸಬಾಗದ ಅವಳ ಮನೆಗೆ ಧಾರವಾಡದ ಸಂಬಂಧ ಬಂತು. ಕೊನೆಗೆ ಕಾಲೇಜಿನಲ್ಲಿ ಅವಳೇ ಧೈರ್ಯ ಮಾಡಿ ಗೌರೀಶನನ್ನು ಕೇಳಿದಳು.

“ಸರ್, ಇವತ್ತ ಸಂಜಿಗೆ ಮನ್ಯಾಗ ಹೂಂ ಅನ್ಬೇಕಾಗೇತಿ. ಅನ್ಲೇನ್ರಿ?”

ಅವನ ತುಟಿ ಅಲುಗಿತು. ಮಾತು ಬರಲಿಲ್ಲ.

‘ನಾನೊಬ್ಬಳೇ ಕನಸು ಕಂಡೆನೇ?’ ಕಣ್ಣೊರೆಸಿಕೊಂಡು ಪ್ರಯೋಗಶಾಲೆಗೆ ನಡೆದಳು.

ಅಂದಿನ ಪಾಠ ಅಲೆಗಳದ್ದು. ಗಾಜಿನ ಗುಮ್ಮಟದೊಳಗೆ ವಿದ್ಯುತ್ ಗಂಟೆ ಬಾರಿಸುತ್ತಿತ್ತು. ಗೌರೀಶ ಪಂಪಿನಿಂದ ಗಾಳಿ ತೆಗೆದಂತೆ ಸದ್ದು ಕರಗಿತು.

“ಶಬ್ದಕ್ಕ ಗಾಳಿಯಂಥದ್ದು ಏನರ ಬೇಕು. ಒಂದು ಕಣ ಬಾಜೂದನ್ನ ನೂಕಿದ್ರಷ್ಟ ಅದು ಮುಂದ ಹೋಗತೈತಿ,” ಎಂದಳು ವಿದ್ಯಾರ್ಥಿಗಳಿಗೆ. “ಬೆಳಕಿಗೆ ಯಾರ ಹಂಗೂ ಇಲ್ಲ. ಅದರಾಗಿನ ವಿದ್ಯುತ್ ಕ್ಷೇತ್ರ, ಕಾಂತಕ್ಷೇತ್ರ ಎರಡೂ ಒಂದನ್ನೊಂದು ಹುಟ್ಟಿಸ್ಕೋತ ಖಾಲಿ ಜಾಗಾನೂ ದಾಟತಾವ. ಅದಕ್ಕ ಗಂಟಿ ಕೇಳಸ್ದಿದ್ರೂ ಕಾಣಸ್ತೈತಿ.”

ವಿದ್ಯಾರ್ಥಿಗಳು ಹೋದರು. ಅವಳು ಗಂಟೆಯ ಸ್ವಿಚ್ಚು ಆರಿಸಹೋದಾಗ ಗೌರೀಶ ತಡೆದ.

“ನೋಡ್ರಿ...”

ಗಾಜಿನೊಳಗೆ ಸುತ್ತಿಗೆ ಸದ್ದಿಲ್ಲದೆ ಬಡಿಯುತ್ತಲೇ ಇತ್ತು.

“ನಂದೂ ಹಿಂಗ ಐತ್ರಿ. ಕೇಳಸೂದಿಲ್ಲ, ಅಷ್ಟ.”

ಅವಳಿಗೆ ಕಿಟಕಿ ಪಕ್ಕದ ಸೀಟು ನೆನಪಾಯಿತು. ಅವನು ದಿನಾ ಮುಂಜಾನೆ ಹೇಳುತ್ತಲೇ ಇದ್ದನಲ್ಲ! ಕಣ್ಣು ತುಂಬಿ ಬಂತು.

“ನನಗ ಕಾಣಸ್ತೈತ್ರಿ. ಆದ್ರ ನಮ್ಮಪ್ಪಾರಿಗೆ ಕೇಳಸಬೇಕು... ಅದಕ್ಕೂ ಮೊದಲ ನನಗ ಕೇಳಸಬೇಕು.”

ಗೌರೀಶ ಪಂಪಿನ ಕವಾಟ ತಿರುವಿದ. ಗಾಳಿ ಸುಯ್ಯೆಂದು ಒಳನುಗ್ಗಿ, ಗಂಟೆಯ ಸದ್ದು ಕೋಣೆ ತುಂಬಿತು. ಅದನ್ನೂ ಮೀರಿ ಅವನು ಕೂಗಿದ.

“ಹೂಂ ಅನಬ್ಯಾಡ್ರಿ ದಾನೇಶ್ವರಿ! ನೀವಂದ್ರ ನನಗ ಜೀವ!”

ಅವಳು ಅಳುತ್ತಲೇ ನಕ್ಕಳು. “ಸಂಜಿಗೆ ನಮ್ಮ ಮನಿಗೆ ಬರ್ತೀರೇನು?”

ಅವನು ತಲೆಯಾಡಿಸಿದ.

“ಬಾಯಿಲೆ ಹೇಳ್ರಿ!”

“ಬರ್ತೇನ್ರಿ.”