ಹೆಸರು ಬರೆಯಬಾರದ ಐದು ದಿನ

“ಆ ಚೌಕದಾಗೆ ಏನೂ ಬರಿಬ್ಯಾಡಪ್ಪ. ಅವು ನಮ್ಮ ದಿನ ಅಲ್ಲ.”

ಸ್ವಾತಿಯ ಅಜ್ಜಿ ಉಚ್ಚೆಂಗೆಮ್ಮ ಗೋಡೆಗೆ ಅಡ್ಡ ನಿಂತಳು. ಮೊಮ್ಮಗಳ ಗಂಡ ತಿಮ್ಮೇಶ್ ಅಷ್ಟರಲ್ಲೇ ಜೇಬಿನಿಂದ ಮಾರ್ಕರ್ ತೆಗೆದಾಗಿತ್ತು.

ದಾವಣಗೆರೆಯ ನಿಟ್ಟುವಳ್ಳಿಯ ಪ್ರಿಂಟಿಂಗ್ ಪ್ರೆಸ್ಸೊಂದರಲ್ಲಿ ಅವನದು ಕ್ಯಾಲೆಂಡರ್ ಜೋಡಿಸುವ ಕೆಲಸ. ಅಂಥವನಿಗೆ ಖಾಲಿ ಚೌಕ ಕಂಡರೆ ಕೈ ಸುಮ್ಮನಿರುವುದಿಲ್ಲ. ಒಂದು ಗಣಪತಿ ಚಿತ್ರವನ್ನೋ ಗಾದೆಯನ್ನೋ ತುರುಕಿದರೇ ಸಮಾಧಾನ. ಚೊಚ್ಚಲ ಹೆರಿಗೆಗೆಂದು ಹರಿಹರದ ತವರಿಗೆ ಬಂದಿದ್ದ ಹೆಂಡತಿಯನ್ನು ನೋಡಲು ಬಂದವನು, ಆ ಮನೆಯ ಕಣಜದ ಕೋಣೆಯಲ್ಲಿ ಈ ವಿಚಿತ್ರ ಪಂಚಾಂಗ ಕಂಡು ಬಿದ್ದು ಬಿದ್ದು ನಕ್ಕಿದ್ದ. ಕೆಮ್ಮಣ್ಣಿನಲ್ಲಿ ಬರೆದ ಹತ್ತೇ ತಿಂಗಳು. ತಿಂಗಳಿಗೆ ಮೂವತ್ತಾರು ದಿನ. ಹೊಳೆಯ ನೀರು ನೋಡಿ ಇಟ್ಟ ಹೆಸರುಗಳು: ಕೆನ್ನೀರು, ತುಂಬುಹೊಳೆ, ಮರಳು, ಬಂಡೆ. ಎಲ್ಲ ಮುಗಿದ ಮೇಲೆ ಯಾವ ತಿಂಗಳಿಗೂ ಸೇರದ ಐದು ಖಾಲಿ ಚೌಕ.

“ನಮ್ಮ ಮುತ್ತಜ್ಜನ ಕಾಲಕ್ಕೆ ಪ್ಲೇಗ್ ಬಂದಿತ್ತು,” ಎಂದಳು ಮುದುಕಿ. “ಮಾಟ ಮಾಡೋನೊಬ್ಬ ಬಂದು ಮನೆ ಉಳಿಸಿದ. ಅದಕ್ಕೆ ವರ್ಷದಾಗೆ ಐದು ದಿನ ಬಿಟ್ಟುಕೊಟ್ಟೀವಿ. ಆ ದಿನ ಯಾರನ್ನೂ ಹೆಸರು ಹಿಡಿದು ಕರೆಯಂಗಿಲ್ಲ. ಚೌಕದಾಗೆ ಹೆಸರು ಬಿದ್ದೋರು ಅದರ ಪಾಲು.”

“ಯಾವುದರ ಪಾಲು ಅಜ್ಜಿ?”

ಉಚ್ಚೆಂಗೆಮ್ಮ ಮೂಲೆಯ ಕತ್ತಲೆಯತ್ತ ನೋಡಿದಳು.

“ಡಾಕ್ಟರು ಕೊಟ್ಟ ತಾರೀಖು ಸರಿಯಾಗಿ ಮೂರನೇ ಚೌಕಕ್ಕೇ ಬರ್ತೈತೆ. ನಿಮ್ಮ ಮೊಮ್ಮಗಳಿಗೆ ಅಡ್ವಾನ್ಸ್ ಬುಕಿಂಗ್!” ಎಂದು ನಗುತ್ತ, ಮುದುಕಿಯ ಕೈ ಸರಿಸಿ, “ಸ್ವಾತಿ” ಎಂದು ಬರೆದೇಬಿಟ್ಟ. ಕೆಟ್ಟ ಮೇಲೆ ಬುದ್ಧಿ ಬಂತು ಅನ್ನುವ ಗಾದೆ ಇಂಥ ಬುದ್ಧಿವಂತರಿಗಾಗಿಯೇ ಹುಟ್ಟಿದ್ದು. ಮಾರ್ಕರಿನ ಕಪ್ಪು ಶಾಯಿ ಗೋಡೆಗೆ ತಾಗಿದ್ದೇ ಕೆಂಪಾಯಿತು. ಹಳೇ ಗೋಡೆಯ ತೇವ ಎಂದುಕೊಂಡು ಅವನು ದಾವಣಗೆರೆಗೆ ಹೊರಟ.

ಆ ದಿನ ಬಂತು. ಹರಿಹರದಿಂದ ಫೋನು ಬಂದ ಕೂಡಲೇ ತಿಮ್ಮೇಶ್ ಬೈಕ್ ಹತ್ತಿದ. ದಾರಿಯ ಬಾತಿ ಹಳ್ಳಿ ದಾಟುವಾಗ ನೆತ್ತಿ ಸುಡುವ ಬಿಸಿಲು. ಹರಿಹರದ ಮನೆಯ ಹೊಸ್ತಿಲು ತುಳಿದರೆ ಒಳಗೆ ಮಣ್ಣಿನ ತಂಪು, ಹಳೇ ಹೊಟ್ಟಿನ ವಾಸನೆ, ಅದರಡಿಯಲ್ಲಿ ಇನ್ನೇನೋ ಕೊಳೆತ ನಾತ. ಅಭ್ಯಾಸಬಲ, ಬಾಯಿ ತಡೆಯಲಿಲ್ಲ.

“ಸ್ವಾತೀ!”

“ಬಂದೆ,” ಎಂದಿತು ಕಣಜದ ಕೋಣೆ.

ಸ್ವಾತಿಯದೇ ದನಿ. ಆದರೆ ಸ್ವಾತಿ ಅವನ ಕಣ್ಣೆದುರೇ ಚಾಪೆಯ ಮೇಲೆ ಮಲಗಿದ್ದಳು. ಕಣ್ಣು ತೆರೆದಿತ್ತು. ತುಟಿ ಮುಚ್ಚಿತ್ತು. ಹೊಟ್ಟೆಯ ಮೇಲೆ ಕೈಯಿಟ್ಟ. ಕಲ್ಲಿನಂತೆ ತಣ್ಣಗಿತ್ತು. ಒಳಗೆ ಮಿಸುಕಾಟವೇ ಇರಲಿಲ್ಲ.

“ಬೆಳಗ್ಗಿಂದ ಹಿಂಗೇ ಐದಾಳೆ,” ಉಚ್ಚೆಂಗೆಮ್ಮ ಅವನ ತೋಳು ಹಿಡಿದಳು. “ಅವರಪ್ಪ ಆಟೋ ತರಾಕೆ ಹೋಗ್ಯಾನೆ. ಅಷ್ಟರಾಗೆ ಅದು ಹೊಸ್ತಿಲು ದಾಟಿದ್ರೆ ತಾಯಿ, ಕೂಸು ಎರಡೂ ಇಲ್ಲ.”

ಒಳಗಿನಿಂದ ಕಾಲ್ಗೆಜ್ಜೆ ಸದ್ದು. ತುಂಬು ಬಸುರಿಯ ನಿಧಾನದ ಹೆಜ್ಜೆ. ತಿಮ್ಮೇಶ್ ಕೋಣೆಗೆ ನುಗ್ಗಿದ. ಯಾರೂ ಕಾಣಲಿಲ್ಲ. ಅಂಗೈಯಿಂದ ಗೋಡೆ ಉಜ್ಜಿದ. ಚರ್ಮ ಕಿತ್ತುಬಂತು. ಹೆಸರು ಹೋಗಲಿಲ್ಲ.

“ಒರೆಸಿದ್ರೆ ಹೋಗಂಗಿಲ್ಲ!” ಬಾಗಿಲಲ್ಲಿ ಮುದುಕಿ ಕೂಗಿದಳು. “ಬರೆದ ಕೈಯೇ ಅದರ ಮ್ಯಾಲೆ ಇನ್ನೊಬ್ಬರ ಹೆಸರು ಬರೀಬೇಕು. ನಂದು ಬರಿ. ನಂಗೆ ಎಂಬತ್ತಾತು. ಬರಿ ಮಗಾ!”

ಜೇಬಿನ ಮಾರ್ಕರ್ ತೆಗೆದ. ಒಂದು ಕ್ಷಣ ಬರೆದೇಬಿಡೋಣ ಅನ್ನಿಸಿತು, ನಿಜ. ಮುದುಕಿಯ ಮುಖ ನೋಡಿದ. ಮನಸ್ಸು ಒಪ್ಪಲಿಲ್ಲ. ಹೆಜ್ಜೆ ಬೆನ್ನ ಹಿಂದೆಯೇ ನಿಂತಿತು. ಕತ್ತಿನ ಮೇಲೆ ತಣ್ಣನೆ ಉಸಿರು. ಕೊಳೆತ ನಾತ. “ಬಂದೆ,” ಎಂದಿತು ಕಿವಿಯಲ್ಲೇ. ಅವನು ಬರೆದ. ತನ್ನದನ್ನೇ ಬರೆದ.

ಕತ್ತಿನ ಮೇಲಿನ ತಣ್ಣನೆ ಉಸಿರು ನಿಂತಿತು. ಹೊರಗೆ ಸ್ವಾತಿ “ಅವ್ವಾ!” ಎಂದು ಚೀರಿದಳು.

ಸಂಜೆ ಆಸ್ಪತ್ರೆಯಲ್ಲಿ ಹೆರಿಗೆಯಾಯಿತು. ಹೆಣ್ಣು ಕೂಸು. ನರ್ಸು ಬಾಗಿಲಿಗೆ ಬಂದು, “ಕೂಸಿನ ತಂದೆ ಎಲ್ರಿ?” ಎಂದಳು.

ಆಟೋದ ಹಿಂದೆಯೇ ಬೈಕಿನಲ್ಲಿ ಬಂದು ಕಂಬಕ್ಕೊರಗಿ ನಿಂತಿದ್ದವನು, “ನಾನೇ,” ಎಂದು ಮುಂದೆ ಬಂದ. ಮಾವ ಅವನನ್ನು ಅಡಿಯಿಂದ ಮುಡಿಯವರೆಗೆ ನೋಡಿ ತಡೆದರು. ಉಚ್ಚೆಂಗೆಮ್ಮನತ್ತ ತಿರುಗಿದ. ಅವಳ ಕಣ್ಣಲ್ಲೂ ಗುರುತಿರಲಿಲ್ಲ. ಹೆಸರು ಹೇಳಲು ಬಾಯಿ ತೆರೆದ. ನಾಲಿಗೆಗೆ ಏನೂ ಸಿಗಲಿಲ್ಲ. ಮಾವನ ಕೈ ಬಿಡಿಸಿಕೊಂಡು ಒಳಗೆ ಓಡಿದ.

ಸ್ವಾತಿ ಬದುಕಿದ್ದಳು. ಕೂಸು ಅವಳ ಎದೆಗೆ ಬಾಯಿ ಹಚ್ಚಿತ್ತು. ಆ ಸಂತೋಷಕ್ಕೆ ಅವನಿಗೆ ಅಳು ತಡೆಯಲಾಗಲಿಲ್ಲ. ಅವಳು ಗಾಬರಿಯಿಂದ ಎದೆಯ ಮೇಲೆ ಸೆರಗೆಳೆದುಕೊಂಡಳು. ಅವನ ಕಣ್ಣೀರು ನೋಡಿ ಕನಿಕರವಾಯಿತೋ ಏನೋ, ಮೆಲ್ಲಗೆ ಕೇಳಿದಳು:

“ಯಾರ್ರಿ ಅಣ್ಣಾ ನೀವು? ಯಾಕ ಅಳ್ತೀರಿ?”