ಸೌತೆಕಾಯಿ ಮುರಿಯುವ ಸಪ್ಪಳ

2025ರ ಏಪ್ರಿಲ್ 3, ಗುರುವಾರ. ಮಧ್ಯಾಹ್ನ ಹನ್ನೆರಡು ಗಂಟೆ ಇಪ್ಪತ್ತು ನಿಮಿಷ.

ನಾರಾಯಣಗೂಡದ ಕೋಚಿಂಗ್ ಸೆಂಟರಿನಲ್ಲಿ ರಸಾಯನಶಾಸ್ತ್ರ ಕಲಿಸುವ ಶಿವದೇವಿ, ಎದುರಿನ ಸಲಾಡ್ ಅಂಗಡಿಯ ಕಟ್ಟೆಯ ಮೇಲೆ, ಅಲ್ಲೇ ಕೊಂಡಿದ್ದ ಸಲಾಡ್ ಡಬ್ಬಿಯೊಂದನ್ನು ಇಟ್ಟಳು.

"ಇನ್ನಿ ನೀಳ್ಳೇಂದಂಡಿ?" ಇದರಲ್ಲಿ ಇಷ್ಟು ನೀರೇಕೆ ಎಂದು ತೆಲುಗಿನಲ್ಲೇ ಕೇಳಿದಳು.

ಅಂಗಡಿಯ ಹುಲಗೇಶ ಒಳಗೆ ತಿರುಗಿ ತಾಯಿಗೆ ಕನ್ನಡದಲ್ಲಿ ಹೇಳಿದ. "ಯವ್ವಾ, ನೀರು ಅಳಿಯಾಕ ಒಬ್ಬಾಕಿ ಬಂದಾಳ ನೋಡು."

"ಅಳತಿ ಮಾಡೇ ಬಂದೀನ್ರಿ," ಎಂದಳು ಶಿವದೇವಿ, ಅದೇ ಕನ್ನಡದಲ್ಲಿ. "ಮೂವತ್ತೆರಡು ಎಂ.ಎಲ್."

ಅವನ ಕಿವಿ ಕೆಂಪಾಯಿತು. ಒಳಗಿನಿಂದ ತಾಯಿ ಗದಿಗೆಮ್ಮನ ನಗು ಕೇಳಿಸಿತು.

"ನಾ ನೀರು ಹಾಕಿಲ್ರಿ ಮೇಡಂ."

"ಉಪ್ಪು ಯಾವಾಗ ಹಾಕ್ತೀರಿ?"

"ಮುಂಜಾನೆ ಎಂಟಕ್ಕ."

"ಉಪ್ಪು ಸೌತೆಕಾಯಿ ಒಳಗಿನ ನೀರನ್ನ ಹೊರಗ ಎಳೀತೈತಿ. ನಾಲ್ಕು ತಾಸಿನ್ಯಾಗ ತೊಯ್ದ ಅರಿವಿ ಆಗತೈತಿ."

ಬೈಯಲು ಬಾಯಿ ತೆರೆದಿದ್ದ ಹುಲಗೇಶ ಒಂದು ಗಳಿಗೆ ಯೋಚಿಸಿದ. "ಮತ್ತ ಹೆಂಗ ಮಾಡಬೇಕ್ರಿ?"

ಆ ಪ್ರಶ್ನೆ ಅವಳಿಗೆ ಹಿಡಿಸಿತು. 'ಜಗಳ ಬಿಟ್ಟು ಕೇಳುವವನೂ ಇದ್ದಾನಲ್ಲ...'

ಮರುದಿನದಿಂದ ಪಾಠಕ್ಕೆ ಮೊದಲು ಒಂದು ತಾಸು ಅವಳು ಅವನಿಗೆ ಹೇಳಿಕೊಡಲು ಅಂಗಡಿಯ ಅಡುಗೆಮನೆಯಲ್ಲಿರತೊಡಗಿದಳು. ಗದಿಗೆಮ್ಮ ನೆನೆಸಿದ ಅಲಸಂದಿಯನ್ನು ಬೇಯಿಸಿ, ಬಸಿದು, ಅಗಲ ತಟ್ಟೆಯಲ್ಲಿ ಆರಲು ಬಿಡುವಳು. ಹುಲಗೇಶ ಸೌತೆಕಾಯಿಯ ಬೀಜ ತೆಗೆದು ಹೆಚ್ಚುವನು. ಟೊಮೆಟೊ, ಮಾವಿನಕಾಯಿ, ಉಳ್ಳಾಗಡ್ಡಿ ಬೇರೆ ಬೇರೆ ಪಾತ್ರೆಗಳಲ್ಲಿ ಫ್ರಿಜ್ಜಿಗೆ. ಎಲ್ಲ ಬೆರೆಸಿ ಗುರೆಳ್ಳು ಪುಡಿ ಉದುರಿಸುವುದು ಕೊನೆಗೆ. ಉಪ್ಪು ಬೀಳುವುದು ಡಬ್ಬಿ ತುಂಬುವ ಹೊತ್ತಿಗೆ ಮಾತ್ರ.

ಶಿವದೇವಿ ಕಣ್ಣು ಮುಚ್ಚಿಕೊಂಡು ತಿನ್ನುವುದನ್ನು ಅವನು ದಿನವೂ ನೋಡುತ್ತಿದ್ದ. 'ನನ್ನ ಕೈರುಚಿ ಇಷ್ಟು ಹಿಡಿಸಿತೇ...'

ಬೇಗಂಪೇಟೆಯ ಒಂದು ಆಫೀಸಿನವರು ಸೋಮವಾರಕ್ಕೆ ಅರವತ್ತು ಡಬ್ಬಿ ಕೇಳಿದರು. ಒಪ್ಪಿಗೆಯಾದರೆ ಬೇಸಿಗೆಯಿಡೀ ದಿನಕ್ಕೆ ಅರವತ್ತು. ತಾಯಿ ಮಗ ಇಬ್ಬರಿಗೂ ಸೋಮವಾರ ಒಪ್ಪತ್ತು. ಹೊತ್ತು ಮುಳುಗುವ ತನಕ ನಾಲಿಗೆಗೆ ಉಪ್ಪು ಸೋಕಿಸುವುದಿಲ್ಲ, ಅಂಗಡಿಯನ್ನೂ ತೆರೆಯುವುದಿಲ್ಲ. ಅಂದು ತೆರೆದರು.

"ಮೇಡಂ, ನೀವೇ ಒಂದು ಚಮಚ ನೋಡ್ರಿ. ಉಪ್ಪು ಸಾಕೇನ್ರಿ?"

ಶಿವದೇವಿಯ ಕೈ ಅರೆಕ್ಷಣ ತಡೆಯಿತು. ಬಾಯಿಗಿಟ್ಟಳು. ತಣ್ಣಗೆ... ಗರಿಗರಿ...

"ಬರೊಬ್ಬರಿ ಐತಿ," ಎಂದಳು.

ಎರಡು ಗಂಟೆಗೆ ಅರವತ್ತೂ ಡಬ್ಬಿ ವಾಪಸ್ ಬಂದವು. ಬರೀ ಉಪ್ಪು, ಬಾಯಿಗಿಡಲಾಗದು ಎಂದರಂತೆ.

"ನೀ ಮರೀತಿ ಅಂತ ನಾ ಉಪ್ಪು ಹಾಕಿದ್ನಲ್ಲೋ..." ಗದಿಗೆಮ್ಮ ತಲೆಗೆ ಕೈ ಹಚ್ಚಿದಳು.

"ನಾನೂ ಹಾಕೀನಿ ಯವ್ವಾ."

ಅವನು ಪಾಠ ಮುಗಿಸಿ ಬಂದಿದ್ದ ಶಿವದೇವಿಯತ್ತ ತಿರುಗಿದ. "ತಪ್ಪು ನಮ್ದ ಐತಿ. ಆದ್ರ ನೀವು ಬಾಯಾಗ ಇಟ್ಕೊಂಡು ಬರೊಬ್ಬರಿ ಅಂದ್ರಿ. ನಮ್ಮನ್ನ ನೋಡಿ ನಗಬೇಕಂತ ಮಾಡಿದ್ರೇನು?"

ಅವಳು ಬ್ಯಾಗು ಎತ್ತಿಕೊಂಡು ರಸ್ತೆ ದಾಟಿದಳು.

ಮೂರು ದಿನ ಅತ್ತ ಹೋಗಲಿಲ್ಲ. ರುಚಿ ತಿಳಿಯದ ಹುಡುಗಿಯನ್ನು ಯಾರು ಮಾಡಿಕೊಳ್ಳುತ್ತಾರೆ, ಬಾಯಿ ಬಿಡಬೇಡ ಎಂದು ಮನೆಯವರು ಹೇಳಿದ್ದರು. 'ಹೇಳಿದರೆ ಅವನೂ ಹಾಗೇ ಅಂದುಕೊಂಡರೆ... ಹೇಳದಿದ್ದರೆ, ನಕ್ಕಳು ಅಂತಲೇ ಉಳಿಯುತ್ತದಲ್ಲ...'

ಶುಕ್ರವಾರ ಹೋದಳು.

"ನಂಗ ರುಚಿ ತಿಳಿಯೂದಿಲ್ರಿ. ನಾಲ್ಕು ವರ್ಷದ ಹಿಂದ ಜ್ವರ ಬಂದಿತ್ತು. ಜ್ವರ ಹೋತು, ಅದರ ಜೋಡಿ ರುಚಿನೂ ಹೋತು. ಉಪ್ಪು, ಹುಳಿ... ಏನೂ ಇಲ್ಲ."

ಪಾತ್ರೆ ತಿಕ್ಕುತ್ತಿದ್ದ ಹುಲಗೇಶನ ಕೈ ನಿಂತಿತು. "ಮತ್ತ ದಿನಾ ಕಣ್ಣು ಮುಚ್ಚಿ ತಿಂತಿದ್ರಲ್ರಿ?"

"ತಂಪು ತಿಳೀತೈತಿ. ಸೌತೆಕಾಯಿ ಮುರಿಯೂ ಸಪ್ಪಳ ಕೇಳಸ್ತೈತಿ. ಉಳಿದಿದ್ದೆಲ್ಲಾ ಮಣ್ಣು ತಿಂದಂಗ. ನೀರಾದ್ರ ಆ ಸಪ್ಪಳಾನೂ ಹೋಗತೈತಿ, ಅದಕ್ಕ ಅವತ್ತು ನೀರು ಅಳತಿ ಮಾಡ್ಕೊಂಡು ಬಂದಿದ್ದೆ."

ಅವನು ನಲ್ಲಿ ನಿಲ್ಲಿಸಿದ. "ಅಂದ್ರ ನನ್ನ ಕೈರುಚಿ ನೀವು ಒಂದಿನಾನೂ ನೋಡಿಲ್ಲ."

"ಇಲ್ಲ."

"ಆದ್ರೂ ದಿನಾ ಬಂದ್ರಿ."

"ರುಚಿಗೆ ಬಂದಿಲ್ಲ ಅಂತ ಈಗ ಗೊತ್ತಾತಲ್ಲ..."

ಅಷ್ಟು ಹೇಳಿ ಅವಳು ತಲೆ ತಗ್ಗಿಸಿದಳು. ಒಳಗಿನಿಂದ ಗದಿಗೆಮ್ಮನ ದನಿ ಬಂತು. "ಏ ಹುಲಗ್ಯಾ, ಕಂಬ ನಿಂತಂಗ ನಿಂತೀಯಲ್ಲೋ. ಆಕೀಗೆ ಕುರ್ಚಿ ಕೊಡು."

ಅವನು ಕುರ್ಚಿ ಒರೆಸಿ ಇಟ್ಟ. "ಆಫೀಸಿಗೆ ಹೋಗಿ ಕೈ ಮುಗದು ಬಂದೀನ್ರಿ. ಬರೂ ಸೋಮವಾರ ಇನ್ನೊಂದ್ ಸಲ ನೋಡ್ತೀವಿ ಅಂದಾರ. ಸೋಮವಾರ ನಾನೂ ರುಚಿ ನೋಡಂಗಿಲ್ಲ, ನಿಮಗೂ ತಿಳಿಯೂದಿಲ್ಲ. ಹೆಂಗ ಮಾಡೂದ್ರಿ?"

ಶಿವದೇವಿ ನಕ್ಕಳು. ಬ್ಯಾಗಿನಿಂದ ಪುಟ್ಟ ಡಿಜಿಟಲ್ ತಕ್ಕಡಿಯೊಂದನ್ನು ತೆಗೆದಳು. "ಇವತ್ತ ನೀವು ರುಚಿ ನೋಡ್ರಿ, ನಾ ತೂಗತೀನಿ. ಸೋಮವಾರ ಅಷ್ಟ ಹಾಕೂಣು."

"ಬರೇ ಈ ಸೋಮವಾರಕ್ಕೇನ್ರಿ?"

"ನಿಮಗ ಎಲ್ಲೀತನಕ ಬೇಕು?"

"ಇರೂತನಕ."

ಅವಳು ಕಣ್ಣೊರೆಸಿಕೊಂಡು ತಕ್ಕಡಿಯ ಗುಂಡಿ ಒತ್ತಿದಳು. ಅವನು ತೂಗಿಟ್ಟ ಸಲಾಡಿಗೆ ಚಿಟಿಕೆ ಚಿಟಿಕೆಯಾಗಿ ಉಪ್ಪು ಬೆರೆಸಿ ನೆಕ್ಕಿ ನೋಡಿದ, ತಲೆಯಾಡಿಸಿದ, ಮತ್ತೆ ಬೆರೆಸಿದ.

"ಸಾಕು, ಶಿವದೇವಿ," ಎಂದ. ಮೇಡಂ ಅನ್ನಲಿಲ್ಲ.

ಅವಳು ಬರೆದುಕೊಂಡಳು. ಒಂದು ಕಿಲೋ ಸಲಾಡಿಗೆ ಉಪ್ಪು ಎಂಟು ಗ್ರಾಂ.